ಯಾರ ಮೇಲೆ ಕೇಸು? ಸರ್ಕಾರಿ ಅಧಿಕಾರಿಯ ತಪ್ಪಿಗೆ ಕೋರ್ಟಿನಲ್ಲಿರುವ ದಾರಿಗಳು

ಕೆಲವು ವರ್ಷಗಳ ಹಿಂದೆ ಪಹಣಿಯಲ್ಲಿ ನುಸುಳಿದ್ದ ಒಂದು ತಪ್ಪನ್ನು ಸರಿಪಡಿಸಲು ಜಿಲ್ಲೆಯ ಒಂದು ಕಚೇರಿಗೆ ಎಡತಾಕುತ್ತಿದ್ದೆ. ಐದನೆಯ ಸಲ ಹೋದಾಗ ಅರ್ಜಿಯೇ ಬಂದಿಲ್ಲ ಎಂದರು. ಆರನೆಯ ಸಲ ಎರಡು ಪ್ರತಿ ಒಯ್ದು, ಒಂದನ್ನು ಟಪಾಲು ಮೇಜಿನ ಮೇಲಿಟ್ಟು, ಇನ್ನೊಂದರ ಮೇಲೆ ಮೊಹರು ಕೇಳಿದೆ. "ಇದಕ್ಕೆಲ್ಲ ಸೀಲು ಎಂತಕ್ಕೆ ಮಾರಾಯ್ರೆ? ನಮ್ಮ ಮೇಲೆ ಕೇಸು ಹಾಕ್ಲಿಕ್ಕುಂಟಾ?" ಎಂದು ಗುಮಾಸ್ತರು ನಗುತ್ತ ಕೇಳಿದರು. ನಗುತ್ತಲೇ ಮೊಹರನ್ನೂ ಒತ್ತಿದರು. ಮೊಹರಿನ ದಿನಾಂಕ ಮಾತ್ರ ಎರಡು ದಿನ ಹಿಂದೆಯೇ ನಿಂತಿತ್ತು. ಪೆನ್ನಿನಲ್ಲಿ ತಿದ್ದಿಸಿ ಪಕ್ಕದಲ್ಲಿ ಸಣ್ಣ ಸಹಿ ಹಾಕಿಸಿಕೊಂಡೆ. ಮೂರು ವಾರದಲ್ಲಿ ಪಹಣಿ ಸರಿಯಾಯಿತು. ಕೇಸು ಹಾಕುವ ಪ್ರಮೇಯ ಬರಲಿಲ್ಲ. ಆದರೆ ಅವರ ಪ್ರಶ್ನೆ ತಲೆಯಲ್ಲಿ ಉಳಿದುಬಿಟ್ಟಿತು. ಹಾಕುವುದೇ ಆಗಿದ್ದರೆ ಯಾರ ಮೇಲೆ, ಎಲ್ಲಿ, ಏನೆಂದು ಹಾಕಬೇಕಿತ್ತು?

ತುಳುನಾಡಿನಲ್ಲಿ ಇದಕ್ಕೆ ಕೋರ್ಟಿಗಿಂತ ಹಳೆಯ ಉತ್ತರಗಳಿವೆ. ದೈವಕ್ಕೆ ದೂರು ಕೊಡುವುದು, ಧರ್ಮಸ್ಥಳದ ಹೊಯ್ಲು, ಕಾನತ್ತೂರಿನ ದೈವಗಳ ಮುಂದಿನ ತೀರ್ಮಾನ. ಅಲ್ಲಿ ಎದುರಾಳಿ ಯಾರೆಂಬುದರಲ್ಲಿ ಗೊಂದಲವಿಲ್ಲ, ಹೆಸರು ಹಿಡಿದೇ ದೂರುತ್ತಾರೆ. ಕೋರ್ಟಿನಲ್ಲಿ ಗೊಂದಲ ಶುರುವಾಗುವುದೇ ಇಲ್ಲಿ. ಅಧಿಕಾರಿ ಬರೆದ ಆದೇಶ ಒಂದು, ಅಧಿಕಾರಿ ಎಂಬ ಮನುಷ್ಯ ಇನ್ನೊಂದು, ಅವನನ್ನು ಕುರ್ಚಿಯಲ್ಲಿ ಕೂರಿಸಿದ ಸರ್ಕಾರ ಮತ್ತೊಂದು. ಕಾನೂನು ಈ ಮೂವರಿಗೂ ಬೇರೆ ಬೇರೆ ಬಾಗಿಲು ಮಾಡಿದೆ. ನಾನು ಗಮನಿಸಿದಂತೆ ನಮ್ಮಲ್ಲಿ ಬಾಗಿಲುಗಳಿಗೇನೂ ಬರವಿಲ್ಲ. ಹೆಚ್ಚಿನ ಬಾಗಿಲುಗಳ ಬೀಗದ ಕೈ ಆಪಾದಿತನ ಮೇಲಧಿಕಾರಿಯ ಹತ್ತಿರ ಇರುವುದೇ ತೊಡಕು.

ಕುದುರೆ, ಗಾಂಜಾ, ಉಪ್ಪು

ಸರ್ಕಾರದ ಮೇಲೆ ಪರಿಹಾರದ ದಾವೆ ಹೂಡಬಹುದೇ ಎಂಬ ಚರ್ಚೆ 1861ರಲ್ಲಿ ಕಲ್ಕತ್ತೆಯ ಕಿಡ್ಡರ್‌ಪುರದ ಸರ್ಕಾರಿ ಹಡಗುಕಟ್ಟೆಯ ಬಳಿ ಹುಟ್ಟಿತು. ಕೂಲಿಯಾಳುಗಳು ಹೊತ್ತೊಯ್ಯುತ್ತಿದ್ದ ಕಬ್ಬಿಣದ ತುಂಡು ರಸ್ತೆಗೆ ಬಿದ್ದು, ಅದರ ಸದ್ದಿಗೆ ಬೆದರಿದ ಒಂದು ಹಡಗು ಕಂಪನಿಯ ಕುದುರೆಗೆ ಗಾಯವಾಯಿತು. ಕಂಪನಿ ಕೇಳಿದ್ದು 350 ರೂಪಾಯಿ. ಖಾಸಗಿಯವರೂ ಮಾಡಬಹುದಾದ ಕೆಲಸದಲ್ಲಿ ತಪ್ಪಾದರೆ ಸರ್ಕಾರ ಹೊಣೆ, ಪ್ರಭುತ್ವ ಮಾತ್ರ ಮಾಡಬಲ್ಲ ಕೆಲಸದಲ್ಲಿ ಹೊಣೆಯಿಲ್ಲ ಎಂದು ಕೋರ್ಟ್ ಗೆರೆ ಎಳೆಯಿತು. ಹದಿನಾಲ್ಕು ವರ್ಷಗಳ ನಂತರ, ಗಾಂಜಾ ಮಾರಾಟದ ಪರವಾನಗಿಯ ಪ್ರಕರಣವೊಂದರಲ್ಲಿ, ಕಲ್ಕತ್ತೆ ಹೈಕೋರ್ಟ್ ಆ ಗೆರೆಯನ್ನು ಸರ್ಕಾರಕ್ಕೆ ಅನುಕೂಲವಾಗುವಂತೆ ಇನ್ನಷ್ಟು ಗಟ್ಟಿ ಮಾಡಿತು.

ಆಗ ನಮ್ಮ ಉಡುಪಿ, ಕಾರ್ಕಳ, ಕಾಪು ಎಲ್ಲವೂ ಮದ್ರಾಸ್ ಪ್ರಾಂತದ ದಕ್ಷಿಣ ಕೆನರಾ ಜಿಲ್ಲೆಯಲ್ಲಿದ್ದವು. ಮದ್ರಾಸ್ ಹೈಕೋರ್ಟ್ 1882ರಲ್ಲಿ ಬೇರೆಯೇ ದನಿ ಎತ್ತಿತು. ಮುಂಬಯಿಯಿಂದ ಮದ್ರಾಸ್ ಪ್ರಾಂತದ ಬಂದರಿಗೆ ಉಪ್ಪು ಸಾಗುತ್ತಿದ್ದಾಗ ನಡುದಾರಿಯಲ್ಲೇ ಸುಂಕ ಏರಿತು. ವ್ಯಾಪಾರಿ ಹರಿ ಭಾಂಜಿ ಆಕ್ಷೇಪಿಸುತ್ತಲೇ ಹೆಚ್ಚುವರಿ ಹಣ ಕಟ್ಟಿ, ಅದನ್ನು ಮರಳಿ ಕೇಳಿ ದಾವೆ ಹೂಡಿದ. ಕಾನೂನಿನ ಹೆಸರಿನಲ್ಲಿ ಸರ್ಕಾರ ಮಾಡಿದ ಯಾವ ಕೆಲಸವನ್ನೂ ಕೋರ್ಟ್ ಪರಿಶೀಲಿಸಬಹುದು, ಪರರಾಜ್ಯಗಳೊಂದಿಗಿನ ವ್ಯವಹಾರದಂಥದ್ದಕ್ಕೆ ಮಾತ್ರ ವಿನಾಯಿತಿ ಎಂದಿತು ಮದ್ರಾಸ್. ಕಲ್ಕತ್ತೆ ಮತ್ತು ಮದ್ರಾಸ್‌ನ ಈ ಜಗಳ ಇಂದಿಗೂ ಪೂರ್ತಿ ಮುಗಿದಿಲ್ಲ. ನನ್ನ ಒಲವು ಉಪ್ಪಿನ ಕಡೆಗೆ.

ಸ್ವಾತಂತ್ರ್ಯದ ಬಳಿಕ ಕಾನೂನು ಆಯೋಗದ ಮೊಟ್ಟಮೊದಲ ವರದಿಯೇ, 1956ರಲ್ಲಿ, ಈ ವಿಷಯದ ಮೇಲಿತ್ತು. ಸುಪ್ರೀಂ ಕೋರ್ಟ್ ಮುಂದೆ ಕಸ್ತೂರಿ ಲಾಲ್ ಪ್ರಕರಣ ಬಂತು. 1947ರಲ್ಲಿ ಮೀರತ್ ಪೊಲೀಸರು ಒಬ್ಬ ವ್ಯಾಪಾರಿಯಿಂದ ವಶಪಡಿಸಿಕೊಂಡ ಚಿನ್ನವನ್ನು ಠಾಣೆಯ ಹೆಡ್ ಕಾನ್‌ಸ್ಟೆಬಲ್ಲೇ ಹೊತ್ತುಕೊಂಡು ಪಾಕಿಸ್ತಾನಕ್ಕೆ ಓಡಿಹೋಗಿದ್ದ. ಬಂಧನ, ಜಪ್ತಿ ಪ್ರಭುತ್ವದ ಕೆಲಸ, ಆದ್ದರಿಂದ ಸರ್ಕಾರ ಹೊಣೆಯಲ್ಲ ಎಂದು 1964ರಲ್ಲಿ ತೀರ್ಪಾಯಿತು. ಶಾಸನ ಮಾಡಿ ಎಂದು ಸಂಸತ್ತಿಗೆ ಸೂಚನೆಯೂ ಹೋಯಿತು. 1965 ಮತ್ತು 1967ರಲ್ಲಿ ಮಸೂದೆಗಳು ಬಂದವು, ಕಾಯ್ದೆಯಾಗದೆ ಬಿದ್ದುಹೋದವು. ಅಂಥ ಕಾಯ್ದೆ ಇವತ್ತಿಗೂ ಇಲ್ಲ.

ಆದೇಶ ರದ್ದಾದರೆ ಸಾಕು ಎನ್ನುವವರು

ಮೊದಲ ಪಂಥದವರಿಗೆ ಅಧಿಕಾರಿ ಮುಖ್ಯನಲ್ಲ, ಅವನ ಆದೇಶ ಮುಖ್ಯ. ತಪ್ಪು ಆದೇಶ ಬಿದ್ದುಹೋಗಬೇಕು, ಮಾಡದೆ ಬಿಟ್ಟ ಕೆಲಸ ಆಗಬೇಕು. ಸಂವಿಧಾನದ 226ನೇ ವಿಧಿಯ ರಿಟ್ ಅರ್ಜಿ ಇವರ ಮುಖ್ಯ ಆಯುಧ. ಆದರೆ ಅದಕ್ಕೂ ಮುಂಚೆ ಇಲಾಖೆಯೊಳಗಿನ ಮೇಲ್ಮನವಿ ಮುಗಿಸಿ ಬನ್ನಿ ಎಂದು ಹೈಕೋರ್ಟ್ ಸಾಮಾನ್ಯವಾಗಿ ಹೇಳುತ್ತದೆ. ಕಾಪುವಿನ ಒಬ್ಬರ ಪಹಣಿ ತಕರಾರನ್ನೇ ತೆಗೆದುಕೊಳ್ಳಿ. ತಹಶೀಲ್ದಾರರ ಆದೇಶ ಕಾಪುವಿನಲ್ಲಿ. ಅದರ ಮೇಲ್ಮನವಿ ಉಪವಿಭಾಗಾಧಿಕಾರಿಗೆ, ಅಂದರೆ ಉಡುಪಿ ದಾಟಿ ಕುಂದಾಪುರಕ್ಕೆ. ಅದರ ಮೇಲಿನ ಪುನರ್‌ಪರಿಶೀಲನೆ ಜಿಲ್ಲಾಧಿಕಾರಿಗೆ, ಮಣಿಪಾಲದ ರಜತಾದ್ರಿಯಲ್ಲಿ. ಅಲ್ಲಿಯೂ ಸೋತರೆ ರಾತ್ರಿ ಬಸ್ಸು ಹತ್ತಿ ನಾನೂರು ಕಿಲೋಮೀಟರ್ ದೂರದ ಬೆಂಗಳೂರು. ಮೂರು ಮೆಟ್ಟಿಲಲ್ಲಿ ಕುಳಿತವರು ಒಂದೇ ಇಲಾಖೆಯವರು.

ಈ ಪಂಥ ಚೆನ್ನಾಗಿ ವಿವರಿಸುವ ಸಂಗತಿಯೊಂದಿದೆ. ಬಹುಪಾಲು ಜನರಿಗೆ ಸೇಡು ಬೇಡ, ಕೆಲಸ ಆಗಬೇಕು ಅಷ್ಟೇ. ಬಸ್ರೂರಿನ ಬಳಕೆದಾರರ ವೇದಿಕೆಯಿಂದ ಶುರು ಮಾಡಿ ಆಮೇಲೆ ಉಡುಪಿಯಲ್ಲಿ ಮಾನವ ಹಕ್ಕುಗಳ ಸಂರಕ್ಷಣಾ ಪ್ರತಿಷ್ಠಾನ ಕಟ್ಟಿದ, ಮಣಿಪಾಲದಲ್ಲಿ ಔಷಧಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಡಾ. ರವೀಂದ್ರನಾಥ ಶಾನುಭಾಗ್ ಅವರ ದಶಕಗಳ ಕೆಲಸ ಹೆಚ್ಚಾಗಿ ಈ ಜಾಡಿನದ್ದು. ಗೇರು ತೋಪುಗಳಿಗೆ ಸಿಂಪಡಿಸಿದ ಎಂಡೋಸಲ್ಫಾನ್‌ನಿಂದ ನರಳಿದವರ ಪಟ್ಟಿ ಮಾಡಿ, ಅವರ ವಿಷಯವನ್ನು ಕೋರ್ಟಿನವರೆಗೆ ಒಯ್ದದ್ದು ಇದಕ್ಕೆ ಉದಾಹರಣೆ. ಈ ಪಂಥ ವಿವರಿಸಲಾರದ ಸಂಗತಿಯೂ ಒಂದಿದೆ. ಆದೇಶ ರದ್ದಾದ ಮೇಲೆ ಅದನ್ನು ಬರೆದವನಿಗೆ ಏನಾಯಿತು? ಕಾಪು ತಾಲೂಕಿನ ಎಲ್ಲೂರು ಪರಿಸರದ ಉಷ್ಣವಿದ್ಯುತ್ ಸ್ಥಾವರದ ವಿರುದ್ಧ ನಂದಿಕೂರು ಜನಜಾಗೃತಿ ಸಮಿತಿ ವರ್ಷಗಟ್ಟಲೆ ಹೋರಾಡಿದ ಮೇಲೆ, 2022ರಲ್ಲಿ ಹಸಿರು ನ್ಯಾಯಮಂಡಳಿ 52 ಕೋಟಿ ರೂಪಾಯಿಗೂ ಹೆಚ್ಚು ಪರಿಸರ ಪರಿಹಾರ ವಿಧಿಸಿತು. ಅದು ಬಿದ್ದದ್ದು ಕಂಪನಿಗೆ.

ಶಿಕ್ಷೆ ಬೇಕು ಎನ್ನುವವರು

ಎರಡನೆಯ ಪಂಥ ಮನುಷ್ಯನನ್ನೇ ಹಿಡಿಯುತ್ತದೆ. ಭಾರತೀಯ ನ್ಯಾಯ ಸಂಹಿತೆಯಲ್ಲಿ ಕಾನೂನು ಮೀರಿ ಜನರಿಗೆ ಹಾನಿ ಮಾಡುವ ಸರ್ಕಾರಿ ನೌಕರನಿಗೆ, ಸುಳ್ಳು ದಾಖಲೆ ಸೃಷ್ಟಿಸುವವನಿಗೆ ಶಿಕ್ಷೆಯಿದೆ. ಭ್ರಷ್ಟಾಚಾರ ನಿಯಂತ್ರಣಕ್ಕೆ 1988ರ ಪ್ರತ್ಯೇಕ ಕಾಯ್ದೆಯಿದೆ. ಠಾಣೆಯಲ್ಲಿ ದೂರು ತೆಗೆದುಕೊಳ್ಳದಿದ್ದರೆ ಎಸ್‌ಪಿ, ಅಲ್ಲಿಯೂ ಆಗದಿದ್ದರೆ ಮ್ಯಾಜಿಸ್ಟ್ರೇಟ್ ಮುಂದೆ ಖಾಸಗಿ ದೂರು. ಕಾಗದದ ಮೇಲೆ ಇದು ಚೊಕ್ಕವಾಗಿದೆ.

ನಮ್ಮ ಉಡುಪಿ ಜಿಲ್ಲೆಯಲ್ಲೇ ಈ ದಾರಿ ತೆರೆದುಕೊಂಡದ್ದುಂಟು. 2018ರ ಮೇ 30ರ ನಸುಕಿನಲ್ಲಿ ಪೆರ್ಡೂರು ಬಳಿ ದನದ ವ್ಯಾಪಾರಿಯೊಬ್ಬರು ಸಾವಿಗೀಡಾದ ಪ್ರಕರಣದಲ್ಲಿ ಹಿರಿಯಡ್ಕ ಠಾಣೆಯ ಸಬ್ ಇನ್‌ಸ್ಪೆಕ್ಟರ್ ಸೇರಿ ಪೊಲೀಸರೇ ಬಂಧಿತರಾದರು. 2021ರ ಡಿಸೆಂಬರ್ 27ರ ರಾತ್ರಿ ಕೋಟತಟ್ಟಿನ ಕೊರಗ ಕಾಲೊನಿಯ ಮೆಹೆಂದಿ ಮನೆಗೆ ಪೊಲೀಸರು ನುಗ್ಗಿ ಲಾಠಿ ಬೀಸಿದರೆಂಬ ದೂರು ಬಂದಾಗ ಎಸ್‌ಐ ಅಮಾನತಾದರು, ಪೊಲೀಸರ ಮೇಲೆ ಕೇಸು ದಾಖಲಾಯಿತು. ಜತೆಗೇ ಕೊರಗರ ಮೇಲೂ ಪ್ರತಿದೂರು ಬಿತ್ತು. ದೂರು ಕೊಟ್ಟವನೇ ಆರೋಪಿಯೂ ಆಗುವ ಈ ತಿರುವು ಕೋರ್ಟಿನ ಓಣಿಗಳಲ್ಲಿ ಓಡಾಡುವ ಯಾರಿಗೂ ಹೊಸತಲ್ಲ. ಕೇಸಿಗೆ ಪ್ರತಿಕೇಸು ಇದ್ದರೆ ರಾಜಿಗೆ ದಾರಿ ಸಲೀಸು.

ಇನ್ನು ಬೀಗದ ಮಾತು. ಕರ್ತವ್ಯದಲ್ಲಿದ್ದಾಗ ಮಾಡಿದ ಕೃತ್ಯಕ್ಕೆ ಮೊಕದ್ದಮೆ ನಡೆಸಲು ಸರ್ಕಾರದ ಪೂರ್ವಾನುಮತಿ ಬೇಕೆಂಬುದು ಬ್ರಿಟಿಷರ ಕಾಲದ ನಿಯಮ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 197ನೇ ಕಲಂ, ಈಗಿನ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 218. ಯಾವುದು ಕರ್ತವ್ಯ, ಯಾವುದಲ್ಲ? 1948ರಲ್ಲಿ ಪ್ರಿವಿ ಕೌನ್ಸಿಲ್ ಸೊಗಸಾದ ಉದಾಹರಣೆ ಕೊಟ್ಟಿತ್ತು: ಸರ್ಕಾರಿ ವೈದ್ಯ ರೋಗಿಯನ್ನು ಪರೀಕ್ಷಿಸುತ್ತಲೇ ಅವನ ಜೇಬಿಗೆ ಕೈ ಹಾಕಿದರೆ ಆ ಕಳವು ವೈದ್ಯಕೀಯ ಕರ್ತವ್ಯವಾಗುವುದಿಲ್ಲ. ಸುಪ್ರೀಂ ಕೋರ್ಟ್ 1955ರಲ್ಲಿ, ಮಾತಾಜೋಗ್ ದುಬೆ ಪ್ರಕರಣದಲ್ಲಿ, ಕೃತ್ಯಕ್ಕೂ ಕರ್ತವ್ಯಕ್ಕೂ ಸಕಾರಣವಾದ ನಂಟಿದ್ದರೆ ಅನುಮತಿ ಬೇಕು ಎಂದು ಅಳತೆಗೋಲು ಕೊಟ್ಟಿತು. ಕರ್ನಾಟಕದ ಪೊಲೀಸರಿಗೆ ಇದರ ಮೇಲೆ ಇನ್ನೊಂದು ಕವಚವೂ ಉಂಟು, 1963ರ ಕರ್ನಾಟಕ ಪೊಲೀಸ್ ಕಾಯ್ದೆಯ 170ನೇ ಕಲಂ. ಬೆಂಗಳೂರಿನ ಪೊಲೀಸ್ ಅಧಿಕಾರಿ ದೇವರಾಜ ಅವರ ಪ್ರಕರಣದಲ್ಲಿ 2020ರ ಜೂನ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇಷ್ಟು: ಅಧಿಕಾರ ಮೀರಿ ವರ್ತಿಸಿದ್ದರೂ ಆ ವರ್ತನೆ ಕರ್ತವ್ಯಕ್ಕೆ ಅಂಟಿಕೊಂಡಿದ್ದರೆ ಅನುಮತಿ ಇಲ್ಲದೆ ಕೇಸು ನಿಲ್ಲದು. ವೈದ್ಯನ ಜೇಬುಗಳ್ಳತನ ಸುಲಭದ ಉದಾಹರಣೆ. ಠಾಣೆಯೊಳಗಿನ ಏಟು ಆ ನಂಟಿನ ಒಳಗೋ ಹೊರಗೋ ಎಂಬುದೇ ಪ್ರತಿ ಕೇಸಿನ ವರ್ಷಗಳನ್ನು ತಿನ್ನುವ ಪ್ರಶ್ನೆ.

ಭ್ರಷ್ಟಾಚಾರದ ದೂರಿನಲ್ಲಿ ಬೀಗ ಇನ್ನೂ ಮುಂಬಾಗಿಲಿಗೆ ಬಂದಿದೆ. ಐಎಎಸ್ ಅಧಿಕಾರಿ ಎಂ.ಕೆ. ಅಯ್ಯಪ್ಪ ಅವರಿಗೆ ಸಂಬಂಧಿಸಿದ, ಇದೇ ಕರ್ನಾಟಕದ ಪ್ರಕರಣದಲ್ಲಿ 2013ರಲ್ಲಿ ಸುಪ್ರೀಂ ಕೋರ್ಟ್, ಅನುಮತಿ ಇಲ್ಲದೆ ಖಾಸಗಿ ದೂರಿನ ಮೇಲೆ ತನಿಖೆಗೂ ಆದೇಶಿಸುವಂತಿಲ್ಲ ಎಂದಿತು. ಅದುವರೆಗೆ ಅನುಮತಿ ಬೇಕಿದ್ದದ್ದು ವಿಚಾರಣೆಯ ಹೊಸ್ತಿಲಲ್ಲಿ, ಆಮೇಲೆ ತನಿಖೆಯ ಹೊಸ್ತಿಲಲ್ಲೇ. 2018ರ ತಿದ್ದುಪಡಿ 17ಎ ಎಂಬ ಕಲಂ ಸೇರಿಸಿ, ಅಧಿಕಾರಿ ಕೈಗೊಂಡ ನಿರ್ಧಾರ ಅಥವಾ ಮಾಡಿದ ಶಿಫಾರಸಿನ ಬಗ್ಗೆ ಪೊಲೀಸರು ವಿಚಾರಿಸುವುದಕ್ಕೂ ಅನುಮತಿ ಬೇಕೆಂದಿತು. 2024ರ ಜುಲೈ 1ರಿಂದ ಜಾರಿಯಾದ ನಾಗರಿಕ ಸುರಕ್ಷಾ ಸಂಹಿತೆ ಒಂದು ಕೈಯಲ್ಲಿ ಕೊಟ್ಟು ಇನ್ನೊಂದರಲ್ಲಿ ಹಿಡಿದುಕೊಂಡಿದೆ. 120 ದಿನದೊಳಗೆ ಸರ್ಕಾರ ತೀರ್ಮಾನಿಸದಿದ್ದರೆ ಮೊಕದ್ದಮೆಗೆ ಅನುಮತಿ ಸಿಕ್ಕಿತೆಂದೇ ಲೆಕ್ಕ, ಇದು ಕೊಟ್ಟದ್ದು. ತನಿಖೆಗೆ ಆದೇಶಿಸುವ ಮೊದಲು ಮ್ಯಾಜಿಸ್ಟ್ರೇಟರು ಮೇಲಧಿಕಾರಿಯ ವರದಿ ತರಿಸಿ, ಆಪಾದಿತ ನೌಕರನ ಮಾತನ್ನೂ ಕೇಳಬೇಕು, ಇದು ಹಿಡಿದದ್ದು.

ಅನುಮತಿಯ ಪರವಾಗಿ ಮಾತಾಡುವವರನ್ನು ತಳ್ಳಿಹಾಕುವಂತಿಲ್ಲ. ಅತಿಕ್ರಮಣ ತೆರವು ಮಾಡಿಸಿದ, ಮರಳು ಲಾರಿ ಹಿಡಿದ ಅಧಿಕಾರಿಯ ಮೇಲೆ ಮರುದಿನವೇ ಖಾಸಗಿ ದೂರು ಬೀಳುವುದನ್ನು ನಾವು ಕಂಡಿದ್ದೇವೆ. ಪ್ರತಿ ಸಹಿಗೂ ಕೋರ್ಟಿಗೆ ಓಡಬೇಕೆಂದರೆ ಯಾರೂ ಕಡತಕ್ಕೆ ಕೈ ಹಚ್ಚುವುದಿಲ್ಲ ಎನ್ನುವ ಅವರ ವಾದದಲ್ಲಿ ಹುರುಳಿದೆ. ಆದರೆ ಈ ಕವಚ ಮೇಲಿನವರಿಗೆ ದಪ್ಪ, ಕೆಳಗಿನವರಿಗೆ ತೆಳು. ಸರ್ಕಾರದ ಅನುಮತಿಯಿಂದಷ್ಟೇ ವಜಾ ಮಾಡಬಹುದಾದ ದರ್ಜೆಯವರಿಗೆ 218ರ ರಕ್ಷಣೆ. ಜಿಲ್ಲಾಮಟ್ಟದಲ್ಲೇ ಮನೆಗೆ ಕಳಿಸಬಹುದಾದ ಗ್ರಾಮಕರಣಿಕರಿಗೆ ಅದಿಲ್ಲ.

ಗುಲಾಬಿ ನೀರು ಮತ್ತು ನಿಟ್ಟೆಯ ಹೆಗ್ಡೆ

17ಎಗೆ ಒಂದು ವಿನಾಯಿತಿಯಿದೆ: ಲಂಚ ತೆಗೆದುಕೊಳ್ಳುವಾಗಲೇ ಸ್ಥಳದಲ್ಲಿ ಹಿಡಿದರೆ ಪೂರ್ವಾನುಮತಿ ಬೇಡ. ಜನ 'ಟ್ರ್ಯಾಪ್' ಎನ್ನುವ ಲೋಕಾಯುಕ್ತ ದಾಳಿ ಇದೇ. ಫಿರ್ಯಾದಿ ತಂದ ನೋಟುಗಳ ನಂಬರನ್ನು ಪಂಚರ ಎದುರು ಬರೆದುಕೊಂಡು, ಅವಕ್ಕೆ ಫಿನಾಫ್ತಲೀನ್ ಪುಡಿ ಸವರುತ್ತಾರೆ. ಪಂಚರು ಬೇರೆ ಇಲಾಖೆಯ ನೌಕರರು. ಕೇಳದೆ ಕೊಡಬೇಡಿ ಎಂದು ಫಿರ್ಯಾದಿಗೆ ತಾಕೀತು. ಹಣ ಕೈ ದಾಟಿದ ಮೇಲೆ ಮೊದಲೇ ಹೇಳಿಕೊಟ್ಟ ಸನ್ನೆ, ತಲೆ ಸವರಿಕೊಳ್ಳುವುದೋ ಕರವಸ್ತ್ರದಲ್ಲಿ ಮುಖ ಒರೆಸಿಕೊಳ್ಳುವುದೋ. ಒಳಗೆ ನುಗ್ಗಿದ ಪೊಲೀಸರು ಗಾಜಿನ ಬಟ್ಟಲಲ್ಲಿ ಸೋಡಿಯಂ ಕಾರ್ಬೊನೇಟ್ ದ್ರಾವಣ ಇಟ್ಟು ಬೆರಳು ಅದ್ದಿಸುತ್ತಾರೆ. ನೀರು ಗುಲಾಬಿಯಾದರೆ ಸೀಸೆಗೆ ತುಂಬಿ, ಅರಗು ಹಾಕಿ, ಪ್ರಯೋಗಾಲಯಕ್ಕೆ. ವರ್ಷಗಳ ಬಳಿಕ ಫಿರ್ಯಾದಿ ಕಟಕಟೆಯಲ್ಲಿ ಮಾತು ಬದಲಿಸಿದರೆ ಗುಲಾಬಿ ನೀರೊಂದರಿಂದ ಶಿಕ್ಷೆಯಾಗದು, ಲಂಚ ಕೇಳಿದ್ದೂ ರುಜುವಾಗಬೇಕು. ಹೀಗಾಗಿ ಸಡಿಲವಾಗುತ್ತಿದ್ದ ಕೇಸುಗಳಿಗೆ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2022ರ ಡಿಸೆಂಬರ್‌ನಲ್ಲಿ ನೀರಜ್ ದತ್ತಾ ಪ್ರಕರಣದಲ್ಲಿ ಊರುಗೋಲು ಕೊಟ್ಟಿತು. ಫಿರ್ಯಾದಿ ಸತ್ತರೂ ತಿರುಗಿಬಿದ್ದರೂ ಸಾಂದರ್ಭಿಕ ಸಾಕ್ಷ್ಯದಿಂದ ಬೇಡಿಕೆಯನ್ನು ರುಜು ಮಾಡಬಹುದು.

ಟ್ರ್ಯಾಪಿಗೆ ಬೀಗವಿಲ್ಲದ್ದರಿಂದ ಎಲ್ಲರೂ ಅತ್ತಲೇ ಹೋಗುತ್ತಾರೆ. ಮೇಜಿನ ಮೇಲೆ ನಗದು ಮುಟ್ಟುವವರು ಕೆಳಗಿನವರು. ಸರ್ವೆಯರು, ಬಿಲ್ ಕಲೆಕ್ಟರು, ಕೇಸ್ ವರ್ಕರು ಪತ್ರಿಕೆಯಲ್ಲಿ ಬರುತ್ತಾರೆ. ಕಡತದಲ್ಲಿ ಒಂದು ವಾಕ್ಯ ಬರೆದು ಎಕರೆಗಟ್ಟಲೆ ಜಾಗ ದಾಟಿಸಿದವರು 17ಎ ಹಿಂದೆ ಇರುತ್ತಾರೆ.

ಲೋಕಾಯುಕ್ತಕ್ಕೆ ಇದಲ್ಲದೆ ಇನ್ನೊಂದು ಮುಖವಿದೆ. 1984ರ ಕಾಯ್ದೆಯಂತೆ ಪ್ರಮಾಣಪತ್ರದ ಜತೆ ದೂರು ಕೊಟ್ಟರೆ ವಿಚಾರಣೆ ನಡೆಸಿ ಸರ್ಕಾರಕ್ಕೆ ವರದಿ ಕೊಡುವುದು. ಸುಳ್ಳು ದೂರಿಗೆ ಶಿಕ್ಷೆಯೂ ಉಂಟು. ಇಲ್ಲಿ ಕಾರ್ಕಳದ ಒಂದು ಮನೆತನವನ್ನು ನೆನೆಯಬೇಕು. ನಿಟ್ಟೆ ವಿದ್ಯಾಸಂಸ್ಥೆಗಳನ್ನು ಕಟ್ಟಿದ ನ್ಯಾಯಮೂರ್ತಿ ಕೆ.ಎಸ್. ಹೆಗ್ಡೆ ಸುಪ್ರೀಂ ಕೋರ್ಟಿನಲ್ಲಿ, ಎಡನೀರು ಮಠದ ಸ್ವಾಮೀಜಿ ಹೂಡಿದ ಕೇಶವಾನಂದ ಭಾರತಿ ಪ್ರಕರಣದ ಪೀಠದಲ್ಲಿದ್ದವರು. 1973ರಲ್ಲಿ ಸರ್ಕಾರ ತಮ್ಮನ್ನು ದಾಟಿ ಕಿರಿಯರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದಾಗ ರಾಜೀನಾಮೆ ಕೊಟ್ಟರು. ಅವರ ಮಗ ಸಂತೋಷ್ ಹೆಗ್ಡೆ 2006ರಿಂದ 2011ರವರೆಗೆ ಲೋಕಾಯುಕ್ತರು. ತಮ್ಮ ಮಾತಿಗೆ ಬೆಲೆಯಿಲ್ಲವೆಂದು 2010ರ ಜೂನ್‌ನಲ್ಲಿ ರಾಜೀನಾಮೆ ಕೊಟ್ಟು ಹಿಂಪಡೆದರು. 2011ರ ಜುಲೈನಲ್ಲಿ ಅಕ್ರಮ ಗಣಿಗಾರಿಕೆಯ ಕುರಿತ ಅವರ ವರದಿ ಬಂದ ಕೆಲವೇ ದಿನಗಳಲ್ಲಿ ಮುಖ್ಯಮಂತ್ರಿ ಯಡಿಯೂರಪ್ಪ ಕುರ್ಚಿ ಬಿಟ್ಟರು. ಆ ವರದಿಯೂ ಕಾನೂನಿನ ಭಾಷೆಯಲ್ಲಿ ಬರೀ ಶಿಫಾರಸು. 2016ರ ಮಾರ್ಚ್‌ನಲ್ಲಿ ಸರ್ಕಾರ ಭ್ರಷ್ಟಾಚಾರ ನಿಗ್ರಹ ದಳ ರಚಿಸಿ ಲೋಕಾಯುಕ್ತದ ಪೊಲೀಸ್ ಅಧಿಕಾರವನ್ನೇ ಕಿತ್ತುಕೊಂಡಿತು. 2022ರ ಆಗಸ್ಟ್ 11ರಂದು ಹೈಕೋರ್ಟ್ ಆ ದಳವನ್ನು ರದ್ದು ಮಾಡಿ ಅಧಿಕಾರ ಮರಳಿಸುವವರೆಗೆ ಆರು ವರ್ಷ ಕಳೆದಿತ್ತು.

ಹಣ ಯಾರ ಜೇಬಿನಿಂದ?

ಕಸ್ತೂರಿ ಲಾಲ್ ತೀರ್ಪು ಮುಚ್ಚಿದ ಬಾಗಿಲನ್ನು ಸುಪ್ರೀಂ ಕೋರ್ಟ್ ಹಿತ್ತಲಿನಿಂದ ತೆರೆಯಿತು. ಖುಲಾಸೆಯಾದ ಮೇಲೂ 14 ವರ್ಷ ಬಿಹಾರದ ಜೈಲಿನಲ್ಲಿ ಕೊಳೆತ ರುದುಲ್ ಸಾಹ್‌ಗೆ 1983ರಲ್ಲಿ, ಒಡಿಶಾದಲ್ಲಿ ಪೊಲೀಸರ ವಶದಲ್ಲಿದ್ದ ಮಗನನ್ನು ಕಳೆದುಕೊಂಡ ನೀಲಾಬತಿ ಬೆಹೆರಾಗೆ 1993ರಲ್ಲಿ ರಿಟ್ ಅರ್ಜಿಯಲ್ಲೇ ಪರಿಹಾರ ಕೊಟ್ಟಿತು. ಮೂಲಭೂತ ಹಕ್ಕಿನ ಉಲ್ಲಂಘನೆಗೆ ಪ್ರಭುತ್ವದ ವಿನಾಯಿತಿ ಅಡ್ಡಬರದು ಎಂಬುದು ತರ್ಕ.

ಅದೇ 1993ರಲ್ಲಿ ಲಖನೌ ಅಭಿವೃದ್ಧಿ ಪ್ರಾಧಿಕಾರದ ಪ್ರಕರಣದ ತೀರ್ಪು ಒಂದು ಹೆಜ್ಜೆ ಮುಂದೆ ಹೋಗಿ, ಕಿರುಕುಳ ಕೊಟ್ಟ ಅಧಿಕಾರಿಯಿಂದಲೇ ಆ ಹಣ ವಸೂಲಾಗಲಿ, ತೆರಿಗೆದಾರ ಏಕೆ ತೆರಬೇಕು ಎಂದು ಕೇಳಿತು. 1996ರಲ್ಲಿ ಪೆಟ್ರೋಲ್ ಬಂಕ್ ಹಂಚಿಕೆಯ ವಿಷಯದಲ್ಲಿ ಮಾಜಿ ಸಚಿವ ಸತೀಶ್ ಶರ್ಮಾ 50 ಲಕ್ಷ ರೂಪಾಯಿ ತೆರಬೇಕೆಂದು ಆದೇಶವಾದಾಗ ದೇಶವೇ ಹುಬ್ಬೇರಿಸಿತು. 1999ರಲ್ಲಿ ಮರುಪರಿಶೀಲನೆಯಲ್ಲಿ ಕೋರ್ಟ್ ಅದನ್ನು ಹಿಂದಕ್ಕೆ ಪಡೆಯಿತು.

ಸಿವಿಲ್ ದಾವೆಯ ದಾರಿ ಈಗಲೂ ಇದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನ ನೋಟಿಸು ಕೊಟ್ಟು ಎರಡು ತಿಂಗಳು ಕಾಯಬೇಕು. ಉಡುಪಿ, ಕಾರ್ಕಳದ ವಕೀಲರು ಇದನ್ನು 'ಏಯ್ಟಿ ನೋಟಿಸ್' ಎಂದೇ ಕರೆಯುವುದು. ಕೆಲವೊಮ್ಮೆ ನೋಟಿಸೇ ಮದ್ದಾಗುತ್ತದೆ.

ಸಣ್ಣ ದಾರಿಗಳನ್ನು ಒಂದೇ ಉಸಿರಿನಲ್ಲಿ ಹೇಳಬಹುದು. ಸರ್ಕಾರಿ ಸೇವೆಗಳಿಗೆ ಗಡುವು ಹಾಕುವ 'ಸಕಾಲ'ದಲ್ಲಿ ತಡವಾದ ದಿನಕ್ಕೆ 20 ರೂಪಾಯಿ, ಗರಿಷ್ಠ 500. ಮಾಹಿತಿ ಹಕ್ಕಿನಲ್ಲಿ ದಂಡ ದಿನಕ್ಕೆ 250, ಗರಿಷ್ಠ 25,000. ಮೊತ್ತ ಸಣ್ಣದಾದರೂ ಇವೆರಡರಲ್ಲೂ ಹೊಣೆ ಹೊರುವುದು ತಪ್ಪಿದ ನೌಕರನೇ, ದೊಡ್ಡ ತೀರ್ಪುಗಳಿಗೂ ದಕ್ಕದ ಸಂಗತಿ.

ಇತ್ಯರ್ಥವಾಗದೆ ಉಳಿದವು

ಖಾಸಗಿ ದೂರಿನ ಮೇಲೆ ತನಿಖೆಗೆ ಅನುಮತಿ ಬೇಕೇ ಎಂಬ ಅಯ್ಯಪ್ಪ ತೀರ್ಪಿನ ಪ್ರಶ್ನೆಯನ್ನು 2018ರಲ್ಲೇ ಮಂಜು ಸುರಾನಾ ಪ್ರಕರಣದಲ್ಲಿ ವಿಸ್ತೃತ ಪೀಠಕ್ಕೆ ಒಪ್ಪಿಸಲಾಯಿತು. 17ಎ ಕಲಮಿನ ಸಾಂವಿಧಾನಿಕತೆಯೂ ಸುಪ್ರೀಂ ಕೋರ್ಟ್ ಮೆಟ್ಟಿಲೇರಿದೆ. ಮೇಲಧಿಕಾರಿಯ ಬದಲು ಸ್ವತಂತ್ರ ಸಂಸ್ಥೆಯೊಂದು ಅನುಮತಿ ಕೊಡುವಂತಾಗಬೇಕೆಂಬ ಸಲಹೆ ನನಗೆ ಹಿಡಿಸುತ್ತದೆ. ಆದರೆ ಆ ಸಂಸ್ಥೆಗೆ ಸದಸ್ಯರನ್ನು ನೇಮಿಸುವವರು ಯಾರು ಎಂದರೆ ಮತ್ತೆ ಸರ್ಕಾರವೇ.

ಯಾರನ್ನು ಸರ್ಕಾರಿ ಅಧಿಕಾರಿ ಎನ್ನಬೇಕು ಎಂಬುದೂ ಮಬ್ಬಾಗುತ್ತಿದೆ. ಕಾರ್ಕಳದ ಬೈಲೂರಿನ ಉಮಿಕಲ್ ಬೆಟ್ಟದಲ್ಲಿ 2023ರ ಜನವರಿಯಲ್ಲಿ ಪರಶುರಾಮ ಥೀಮ್ ಪಾರ್ಕ್ ಉದ್ಘಾಟನೆಯಾಯಿತು. ಅಲ್ಲಿನ ಪ್ರತಿಮೆ ಕಂಚಿನದಲ್ಲ ಎಂಬ ದೂರೆದ್ದು, ಪ್ರತಿಮೆಯ ಭಾಗ ಕೆಳಗಿಳಿದು, ಪೊಲೀಸ್ ಕೇಸೂ ಹೈಕೋರ್ಟ್ ಅರ್ಜಿಯೂ ಆದವು. ಆರೋಪದ ಸತ್ಯಾಸತ್ಯ ಕೋರ್ಟಿನ ಕೆಲಸ. ನನ್ನ ಕುತೂಹಲ ಬೇರೆ. ಕಾಮಗಾರಿ ನಿರ್ಮಿತಿ ಕೇಂದ್ರದ್ದು, ಕೆತ್ತಿದವರು ಖಾಸಗಿ ಶಿಲ್ಪಿ, ಹಣ ಸಾರ್ವಜನಿಕರದು. ಇಂಥಲ್ಲಿ ಅನುಮತಿಯ ಕವಚ ಯಾರಿಗೆ ಅನ್ವಯಿಸುತ್ತದೆ, ಯಾರಿಗೆ ಇಲ್ಲ?

ಇನ್ನು ದಾಖಲೆಯನ್ನೂ ಸಾಕ್ಷಿಯನ್ನೂ ಪೊಲೀಸರೇ ಇಟ್ಟುಕೊಂಡಿರುವ ಪ್ರಕರಣಗಳು. 2003ರ ನವೆಂಬರ್‌ನಲ್ಲಿ ಕಾರ್ಕಳದ ಈದುವಿನಲ್ಲಿ ಇಬ್ಬರು ಯುವತಿಯರು ಪೊಲೀಸರ ಗುಂಡಿಗೆ ಬಲಿಯಾದರು. 2024ರ ನವೆಂಬರ್ 18ರಂದು, ಹಿಂದೆ ಕಾರ್ಕಳ ತಾಲೂಕಿಗೇ ಸೇರಿದ್ದ, ಈಗ ಹೆಬ್ರಿ ತಾಲೂಕಿನ ಕಬ್ಬಿನಾಲೆಯ ಪೀತಬೈಲಿನಲ್ಲಿ ನಕ್ಸಲ್ ನಾಯಕ ವಿಕ್ರಂ ಗೌಡ ಹತನಾದ. ಎರಡರ ನಡುವೆ, 2014ರಲ್ಲಿ, ಎನ್‌ಕೌಂಟರ್ ಸಾವುಗಳಿಗೆ ಎಫ್‌ಐಆರ್, ಸ್ವತಂತ್ರ ತನಿಖೆ, ಮ್ಯಾಜಿಸ್ಟ್ರೇಟ್ ವಿಚಾರಣೆ ಕಡ್ಡಾಯವೆಂದು ಸುಪ್ರೀಂ ಕೋರ್ಟ್ 16 ಸೂತ್ರಗಳನ್ನು ಕೊಟ್ಟಿತ್ತು. ಆದರೂ ಪೀತಬೈಲಿನ ಬಳಿಕ ನ್ಯಾಯಾಂಗ ತನಿಖೆಯ ಬೇಡಿಕೆ ಎದ್ದಿತು. ಮ್ಯಾಜಿಸ್ಟ್ರೇಟ್ ವಿಚಾರಣೆಯ ವರದಿ ಮೃತನ ಮನೆಯವರ ಕೈಗೆ ಯಾವಾಗ, ಎಷ್ಟು ಪುಟ ಸಿಗಬೇಕೆಂಬುದು ಒಂದೊಂದು ಪ್ರಕರಣದಲ್ಲೂ ಹೊಸದಾಗಿ ಜಗಳವಾಡುವ ವಿಷಯ.

ಕೊನೆಯದು ದೂರದ ಪ್ರಶ್ನೆ. 2008ರಲ್ಲಿ ಧಾರವಾಡಕ್ಕೂ ಕಲಬುರಗಿಗೂ ಹೈಕೋರ್ಟಿನ ಸಂಚಾರಿ ಪೀಠಗಳು ಬಂದು, 2013ರಲ್ಲಿ ಕಾಯಂ ಆದವು. ಕರಾವಳಿಗೂ ಒಂದು ಪೀಠ ಬೇಕೆಂದು ವಕೀಲರು ಕೇಳುತ್ತಿದ್ದಾರೆ, ಮಂಗಳೂರಿನಲ್ಲಾಗಲಿ ಎನ್ನುವ ದನಿ ಜೋರಾಗಿದೆ. ವಿಡಿಯೊ ವಿಚಾರಣೆ ಬಂದ ಮೇಲೆ ಪೀಠ ಏಕೆ ಎನ್ನುವವರಿದ್ದಾರೆ. ಕಾಪುವಿನಿಂದ ರಿಟ್ ಹಾಕಿದವರು ಸದ್ಯಕ್ಕೆ ಬೆಂಗಳೂರಿನ ವಕೀಲರಿಗೆ ಫೋನ್ ಹಚ್ಚಿ ನಾಳಿನ ಪಟ್ಟಿಯಲ್ಲಿ ತಮ್ಮ ಕೇಸು ಉಂಟೋ ಇಲ್ಲವೋ ಎಂದು ಕೇಳುತ್ತಿದ್ದಾರೆ.